ಕರೆದು ಹಿಡಿಯಬಾರದು

ನಮ್ಮತ್ತೆಯನ್ನು ಬಂದರಿನವರೆಲ್ಲ ಮೇಕೆ ಮೇಡಂ ಎನ್ನುತ್ತಾರೆ. ಮೇಡಂ ಅನ್ನಿಸಿಕೊಳ್ಳುವಷ್ಟು ಓದಿದವಳಲ್ಲ. ಆದರೆ ಬೆಳಿಗ್ಗೆ ಹಾಲಿನ ಕ್ಯಾನು ಹಿಡಿದು ಬೀದಿಗೆ ಇಳಿದಳೆಂದರೆ ಚಹಾದಂಗಡಿಯವನು ಕೂತಲ್ಲಿಂದ ಎದ್ದು ನಿಲ್ಲುತ್ತಾನೆ. ಹಾಲಿಗೆ ನೀರು ಬೆರೆಸಿದ್ದೀಯಾ ಎಂದು ಅವನು ಒಮ್ಮೆ ಕೇಳಿ ನೋಡಿದ್ದ. "ಬೆರೆಸಿದ್ರೆ ನಿನ್ನ ಚಹಾದ ಹಾಗೆ ಇರ್ತಿತ್ತಪ್ಪ" ಎಂದು ಹೇಳಿ, ಆ ದಿನ ಅವನಿಗೆ ಹಾಲೇ ಕೊಡದೆ ಮುಂದಿನ ಅಂಗಡಿಗೆ ಹೋದಳು. ಆ ಬಾಯಿಗೆ ಹೆದರಿಯೇ ಜನ ಮೇಡಂ ಎಂದಿರಬೇಕು.

ಅವಳು ನನ್ನ ಅಪ್ಪನ ಅಕ್ಕ. ಗಂಡ ಹಗ್ಗ ಹೊಸೆಯುವವನಾಗಿದ್ದ, ಬೇಗ ತೀರಿಕೊಂಡ, ಮಕ್ಕಳಾಗಲಿಲ್ಲ. ಬಂದರಿನ ಹಿಂದೆ, ನಾನು ಕೆಲಸ ಮಾಡುವ ಐಸ್ ಕಾರ್ಖಾನೆಯ ಓಣಿಯಲ್ಲಿ, ಅವಳ ಮನೆಯೂ ನಮ್ಮ ಮನೆಯೂ ಅಂಟಿಕೊಂಡಿವೆ. ಹಿತ್ತಲಲ್ಲಿ ನಡುವೆ ಎದೆಮಟ್ಟದ ಗೋಡೆ. ಆಚೆ ಮೇಕೆಗಳ ಕೊಟ್ಟಿಗೆ, ಈಚೆ ನಮ್ಮ ಬಟ್ಟೆ ಒಗೆಯುವ ಕಲ್ಲು. ಸಂಜೆ ಮೇವು ಹಾಕುವ ಹೊತ್ತಿಗೆ ಅತ್ತೆ ಹಿತ್ತಲಲ್ಲಿ ನಿಂತು ಕರೆಯುತ್ತಿದ್ದಳು. ಊಊ... ಬಾಬಾಬಾ. ಗಂಟಲಿನ ತಳದಿಂದ ಎದ್ದು, ಮೇಲೇರಿ, ಕೊನೆಗೆ ಚೂರುಚೂರಾಗುವ ದನಿ. ಕಡಲ ಕಡೆಯ ಪೊದೆಗಳಲ್ಲಿ ಮೇಯುತ್ತಿದ್ದ ಮೇಕೆಗಳು ಬಾಯಲ್ಲಿದ್ದ ಎಲೆಯನ್ನೂ ನುಂಗದೆ ಓಡಿಬರುತ್ತಿದ್ದವು. ಏನಾದರೂ ವಿಶೇಷ ಅಡುಗೆ ಮಾಡಿದ ದಿನ ಅದೇ ಕರೆಯನ್ನು ಗೋಡೆಯ ಕಡೆ ತಿರುಗಿ ಕೂಗುತ್ತಿದ್ದಳು. ಆಗ ಓಡುತ್ತಿದ್ದವನು ನನ್ನ ಅಪ್ಪ. "ಮೇಕೆಗಳಿಗಿಂತ ಮೊದಲು ತಲುಪ್ತಾರೆ ನೋಡು ನಿಮ್ಮಪ್ಪ" ಎಂದು ಅಮ್ಮ ನಗುತ್ತಿದ್ದಳು.

ಆ ಕರೆ ನಮ್ಮ ಅಜ್ಜಿಯದು. ಮಕ್ಕಳನ್ನು ಊಟಕ್ಕೂ ಮೇಕೆಗಳನ್ನು ಮೇವಿಗೂ ಅವಳು ಒಂದೇ ದನಿಯಲ್ಲಿ ಕರೆಯುತ್ತಿದ್ದಳಂತೆ. ಬೇರೆ ಬೇರೆ ಕರೆ ಇಟ್ಟುಕೊಳ್ಳಲು ಅಲ್ಲಿ ಅಷ್ಟು ಜನರೂ ಇರಲಿಲ್ಲ, ಅಷ್ಟು ಮೇಕೆಗಳೂ ಇರಲಿಲ್ಲ. ಅಲ್ಲಿ ಎಂದರೆ ದ್ವೀಪದಲ್ಲಿ.

ಆಕಾಶ ತಿಳಿಯಾಗಿರುವ ದಿನ ಬಂದರಿನ ಕಟ್ಟೆಯಿಂದ ಅದು ಕಾಣುತ್ತದೆ, ಯಾರೋ ಮಗುಚಿ ಹಾಕಿದ ಬಾಣಲೆಯ ಹಾಗೆ. ಒಂದು ಕಾಲದಲ್ಲಿ ಜನ ಅಲ್ಲಿಗೆ ಮೊಟ್ಟೆ ಆರಿಸಲು ಹೋಗುತ್ತಿದ್ದರು. ಕರಿ ಟೋಪಿ ಹಾಕಿಕೊಂಡಂತೆ ಕಾಣುವ ಬಿಳಿಯ ಕಡಲಕ್ಕಿಗಳು ಪೊದೆಗಳ ಬುಡದಲ್ಲಿ ನೆಲದ ಮೇಲೇ ಮೊಟ್ಟೆ ಇಡುತ್ತವೆ. ಗೂಡು ಕಟ್ಟುವ ತಾಪತ್ರಯ ಇಟ್ಟುಕೊಂಡ ಹಕ್ಕಿಗಳಲ್ಲ. ಬುಟ್ಟಿಗಟ್ಟಲೆ ಹೊತ್ತು ತಂದರೂ ಮರುವರ್ಷ ಮತ್ತೆ ಆಕಾಶ ಬೆಳ್ಳಗಾಗುತ್ತಿತ್ತಂತೆ. ಆಮೇಲೆ ಹಡಗುಗಳು ಬಂಡೆಗೆ ಬಡಿಯದಿರಲೆಂದು ಅಲ್ಲಿ ದೀಪಸ್ತಂಭ ಕಟ್ಟಿದರು. ದೀಪ ನೋಡಿಕೊಳ್ಳುವ ಕೆಲಸಕ್ಕೆ ಹೋದವನು ನನ್ನ ಅಜ್ಜ. ಮೊಟ್ಟೆಯವರನ್ನು ಓಡಿಸಿದವನೂ ಅವನೇ, ಹಾಲಿಗೆಂದು ಕೆಲವು ಮೇಕೆಗಳನ್ನು ದೋಣಿಯಲ್ಲಿ ಕೊಂಡೊಯ್ದವನೂ ಅವನೇ. ಅತ್ತೆ, ಅಪ್ಪ ಇಬ್ಬರೂ ಹುಟ್ಟಿದ್ದು ಅಲ್ಲೇ.

ದ್ವೀಪದಲ್ಲಿ ಮೇಕೆ ಸಾಕುವುದು ಸುಲಭ ಎಂದು ತಿಳಿಯಬೇಡಿ. ಓಡಿಹೋಗಲು ಜಾಗವಿಲ್ಲ, ನಿಜ. ಆದರೆ ಹೆದರಿದ ಮೇಕೆ ಪಡುವಣ ಕಡೆಯ ಕಡಿದಾದ ಬಂಡೆಯ ಸಂದಿಗೆ ಹೋಗಿ ನಿಂತರೆ ಅದನ್ನು ಇಳಿಸಲು ಯಾರಪ್ಪನಿಂದಲೂ ಆಗದು, ಮಕ್ಕಳಿಗೆ ಹಾಲಿಲ್ಲ. ಅದಕ್ಕೆ ಅಜ್ಜ ಒಂದು ಕಟ್ಟಳೆ ಮಾಡಿದ್ದ. ಕರೆದರೆ ತಿನ್ನಲು ಕೊಡಬೇಕು. ಹಿಡಿಯಬೇಕಾದರೆ ನಾವೇ ನಡೆದು ಹೋಗಬೇಕು. ಔಷಧಿ ಕುಡಿಸಲು, ಗೊರಸು ಕತ್ತರಿಸಲು, ಕೊನೆಗೆ ಮಾಂಸಕ್ಕೇ ಆದರೂ, ಮೇಕೆ ಎಲ್ಲಿದೆಯೋ ಅಲ್ಲಿಗೆ ಹತ್ತಿ ಹೋಗಿ, ಎದುರು ನಿಂತು, ಕಿವಿ ಹಿಡಿದು ತರಬೇಕು. ಕೊಲ್ಲುವುದೇ ಇಲ್ಲ ಎನ್ನುವ ಸಾಧುಗಳೇನಲ್ಲ ನಮ್ಮವರು. ಕರೆದು ಕೊಲ್ಲುವುದಿಲ್ಲ, ಅಷ್ಟೆ.

ಚಿಕ್ಕವಳಿದ್ದಾಗ ಅತ್ತೆ ಒಮ್ಮೆ ಹತ್ತಲು ಬೇಸರವಾಗಿ ಕೆಳಗಿನಿಂದಲೇ ಕರೆದು, ಓಡಿಬಂದ ಮೇಕೆಯ ಬಾಯಿಗೆ ಕಹಿ ಔಷಧಿ ಸುರಿದಿದ್ದಳಂತೆ. ಅಜ್ಜ ಬೈಯಲಿಲ್ಲ. ರಾತ್ರಿ ಅವಳ ತಟ್ಟೆಯನ್ನು ಎತ್ತಿಕೊಂಡು ಹೋಗಿ ಆ ಮೇಕೆಯ ಮುಂದಿಟ್ಟ. "ಕರ್ದಿದ್ದೀಯಲ್ಲ, ಹಾಕು" ಎಂದ. ಈ ಕಥೆಯನ್ನು ಅತ್ತೆ ಹೇಳುವಾಗಲೆಲ್ಲ ಅಪ್ಪ ಪಕ್ಕದಲ್ಲಿ ಕೂತು, "ನಾನಾಗಿದ್ರೆ ಆ ಮೇಕೇನೇ ತಿಂದ್ಬಿಡ್ತಿದ್ದೆ" ಎಂದು ನಗಿಸುತ್ತಿದ್ದ. ಕಟ್ಟಳೆ ಅವನಿಗೂ ಗೊತ್ತಿತ್ತು ಎನ್ನುವುದಕ್ಕಾಗಿ ಇದನ್ನು ಬರೆದೆ.

ದೀಪ ತಾನೇ ಉರಿಯುವ ಯಂತ್ರ ಬಂದ ಮೇಲೆ ಅಜ್ಜನ ಅಗತ್ಯ ಮುಗಿಯಿತು. ಕರೆದೊಯ್ಯಲು ಬಂದ ದೋಣಿಯವನು ಮನುಷ್ಯರು ಮತ್ತು ಪೆಟ್ಟಿಗೆಗಳಿಗೆ ಮಾತ್ರ ಜಾಗ ಎಂದ. ಮುಂದಿನ ದೋಣಿಗೆ ಬಂದು ಮೇಕೆಗಳನ್ನು ಒಯ್ಯುತ್ತೇವೆ ಎಂದು ಅಜ್ಜ ಹೇಳಿದ. ಅಜ್ಜಿ ಕೊನೆಯ ಸಲ ಕರೆದು, ಮನೆಯಲ್ಲಿ ಉಳಿದಿದ್ದ ಕಾಳನ್ನೆಲ್ಲ ಅವುಗಳ ಮುಂದೆ ಸುರಿದಳು. ದೋಣಿ ಹೊರಟಾಗ ಅವು ಬಂಡೆಯ ತುದಿಗೆ ಬಂದು ನಿಂತು ನೋಡುತ್ತಿದ್ದವಂತೆ. ಅತ್ತೆ ಒಂದು ಮರಿಯನ್ನು ಹೊದಿಕೆಯೊಳಗೆ ಬಚ್ಚಿಟ್ಟುಕೊಂಡಿದ್ದಳು. ಅದು ಕೂಗಿದಾಗಲೆಲ್ಲ ತಾನು ಕೆಮ್ಮುತ್ತಿದ್ದಳು. ಅಪ್ಪ ಆಗ ಅಜ್ಜಿಯ ಮಡಿಲಿನ ಕೂಸು. ಮುಂದಿನ ದೋಣಿ ಎನ್ನುವುದು ಬರಲೇ ಇಲ್ಲ. ಇವತ್ತು ಅತ್ತೆಯ ಕೊಟ್ಟಿಗೆಯಲ್ಲಿ ಇರುವುದೆಲ್ಲ ಆ ಮರಿಯ ಸಂತಾನ. "ಬರ್ತೀವಿ ಅಂತ ಹೇಳಿ ಬಂದಿದ್ವಿ" ಎಂದು ಅವಳು ಎಷ್ಟೋ ಸಲ ಅನ್ನುವುದನ್ನು ಕೇಳಿದ್ದೇನೆ. ಮೇಕೆಗಳಿಗೆ ಕೊಟ್ಟ ಮಾತನ್ನು ಮನುಷ್ಯರಿಗೆ ಕೊಟ್ಟ ಮಾತಿನಂತೆಯೇ ನೆನಪಿಟ್ಟುಕೊಂಡವಳು ಅವಳೊಬ್ಬಳೇ.

ಆಡು ಮುಟ್ಟದ ಸೊಪ್ಪಿಲ್ಲ. ಕೇಳುವವರಿಲ್ಲದ ದ್ವೀಪದಲ್ಲಿ ಮೇಕೆಗಳು ಹೆಚ್ಚಿದವು, ಪೊದೆಗಳು ಬೋಳಾದವು. ಮರೆಯಿಲ್ಲದ ಮೊಟ್ಟೆಗಳು ಬಿಸಿಲಿಗೆ ಬೆಂದವು, ಉಳಿದದ್ದನ್ನು ಹದ್ದು ಕಾಗೆಗಳು ಎತ್ತಿಕೊಂಡವು, ಹಿಡಿತ ತಪ್ಪಿದ ಮಣ್ಣು ಮಳೆಗೆ ಕಡಲು ಸೇರಿತು. ಕಡಲಕ್ಕಿಗಳು ಬರುವುದನ್ನು ನಿಲ್ಲಿಸಿದವು. ಹಕ್ಕಿಗಳೇ ಇಲ್ಲದ ಮೇಲೆ ಸರ್ಕಾರ ಅದನ್ನು ಪಕ್ಷಿಧಾಮ ಎಂದು ಘೋಷಿಸಿತು. ಬಂದರಿನವರು ನಕ್ಕರು. ನಗುತ್ತಿರುವಾಗಲೇ ಹಕ್ಕಿ ಡಾಕ್ಟರು ಬಂದಿಳಿದರು.

ಅವರು ಹಕ್ಕಿಗಳ ಬಗ್ಗೆ ಓದಿ ಡಾಕ್ಟರ್ ಆದವರು, ವಯಸ್ಸಿನಲ್ಲಿ ನನಗಿಂತ ಸ್ವಲ್ಪ ದೊಡ್ಡ ಹೆಂಗಸು. ಬಂದ ಹೊಸದರಲ್ಲಿ ನಮ್ಮ ಓಣಿಯವರು ತೂಕಡಿಸುವ ಕೋಳಿಗಳನ್ನು ಅವರ ಮನೆ ಬಾಗಿಲಿಗೆ ಒಯ್ಯುತ್ತಿದ್ದರು. ಅವರು ಬೇಸರಿಸದೆ ಅದಕ್ಕೂ ಏನೋ ಹೇಳಿ ಕಳಿಸುತ್ತಿದ್ದರು. ದ್ವೀಪವನ್ನು ಮೊದಲಿನಂತೆ ಮಾಡುವುದು ಅವರ ಕೆಲಸ. ಪೊದೆ ನೆಡುವುದು, ಮಣ್ಣು ತಡೆಯಲು ಕಲ್ಲಿನ ಸಾಲು ಕಟ್ಟುವುದು, ಹಕ್ಕಿಗಳಿಗೆ ಧೈರ್ಯ ಬರಲೆಂದು ಮರದ ಹಕ್ಕಿಗಳಿಗೆ ಬಣ್ಣ ಹಚ್ಚಿ ಸಾಲಾಗಿ ನಿಲ್ಲಿಸುವುದು. ಇದೆಲ್ಲ ಮಾಡಿ ಏನು ಪ್ರಯೋಜನ, ನೆಟ್ಟದ್ದು ಬೆಳಗಾಗುವುದರೊಳಗೆ ಮೇಕೆಯ ಹೊಟ್ಟೆಯಲ್ಲಿರುತ್ತಿತ್ತು. ಮೊದಲು ಮೇಕೆಗಳನ್ನು ತೆಗೆಯಬೇಕು ಎಂದು ತೀರ್ಮಾನವಾಯಿತು.

ದೋಣಿ ನಡೆಸಿಕೊಂಡಿದ್ದ ಅಪ್ಪನಿಗೆ ಪಕ್ಷಿಧಾಮದ ಕಾವಲುಗಾರನ ಕೆಲಸ ಸಿಕ್ಕಿತು. ಕೆಲಸದ ಜೊತೆ ಒಂದು ಹಸಿರು ಟೋಪಿ ಬಂತು. ಊಟಕ್ಕೆ ಕೂತಾಗಲೂ ಅದನ್ನು ತೆಗೆಯುತ್ತಿರಲಿಲ್ಲ. "ತಲೆ ಇಲ್ಲದೋರಿಗೆ ಟೋಪಿ ಕೊಟ್ರೆ ಹೀಗೇ" ಎಂದು ಅತ್ತೆ ಗೋಡೆಯಾಚೆಯಿಂದ ಛೇಡಿಸುತ್ತಿದ್ದಳು. ಕೆಲಸ ಚೆನ್ನಾಗಿ ಆದರೆ ಮುಖ್ಯ ಕಾವಲುಗಾರನನ್ನಾಗಿ ಮಾಡುತ್ತೇವೆ ಎಂದು ಮೇಲಿನವರು ಹೇಳಿದ್ದರು. ಆದರೆ ಕೆಲಸ ಆಗುತ್ತಿರಲಿಲ್ಲ. ಬಯಲಿನಲ್ಲಿದ್ದ ಮೇಕೆಗಳು ಮುಗಿದಿದ್ದವು, ಹೇಗೆ ಎಂದು ಅಪ್ಪ ಮನೆಯಲ್ಲಿ ಹೇಳಿರಲಿಲ್ಲ. ಉಳಿದವು ಪಡುವಣ ಬಂಡೆಯ ಸಂದಿ ಸೇರಿ ಯಾರ ಕಣ್ಣಿಗೂ ಬೀಳುತ್ತಿರಲಿಲ್ಲ.

ಒಂದು ಮಧ್ಯಾಹ್ನ ಅಪ್ಪ ಟೋಪಿ ಕೈಯಲ್ಲಿ ಹಿಡಿದು ಅತ್ತೆಯ ಹಿತ್ತಲಿಗೆ ಹೋದ. ನಾನು ಈಚೆ ಬಟ್ಟೆ ಹಿಂಡುತ್ತಿದ್ದೆ.

"ಅಕ್ಕ, ಗೋಚೀನ ಸ್ವಲ್ಪ ದಿನ ಕಳಿಸ್ಕೊಡ್ತೀಯಾ?"

ಗೋಚಿ ಎಂದರೆ ಬಾಲಂಗೋಚಿ. ಅತ್ತೆ ಹಾಲಿಗೆ ಹೋದರೆ ಹಿಂದೆ, ಸ್ನಾನಕ್ಕೆ ಹೋದರೆ ಬಾಗಿಲಲ್ಲಿ. ಒಂಟಿಯಾಗಿ ಬಿಟ್ಟರೆ ಗೋಡೆ ಒಡೆಯುವಂತೆ ಅರಚುವ ಮೇಕೆ. ಮರಿ ಹಾಕದ ಮೇಕೆಯಾದ್ದರಿಂದ ಅತ್ತೆ ಅವಳನ್ನೇ ಮರಿಯಂತೆ ಸಾಕಿದ್ದಳು.

"ಯಾಕೆ, ಅವಳಿಗೂ ಟೋಪಿ ಕೊಡ್ತಾರಾ?"

"ತಮಾಷೆ ಅಲ್ಲ. ಒಂಟಿ ಮೇಕೆ ಬಿಟ್ರೆ ಅದು ಜೊತೆ ಹುಡುಕ್ಕೊಂಡು ಹೋಗುತ್ತೆ. ಕೊರಳಿಗೆ ಒಂದು ಪಟ್ಟಿ ಕಟ್ತಾರೆ, ಎಲ್ಲಿದೆ ಅಂತ ಯಂತ್ರದಲ್ಲಿ ಗೊತ್ತಾಗುತ್ತೆ. ಅಡಗಿರೋ ಮೇಕೆಗಳು ಸಿಕ್ತವೆ."

"ಸಿಕ್ಕಿದ ಮೇಲೆ?"

ಅಪ್ಪ ಒಂದು ಕ್ಷಣವೂ ತಡೆಯಲಿಲ್ಲ. ಅದೇ ನನಗೆ ಇವತ್ತಿಗೂ ಉರಿಯುವುದು. "ಬಲೆ ಹಾಕಿ ಹಿಡಿದು, ದೋಣಿಗೆ ಹತ್ತಿಸಿ ಇಲ್ಲಿಗೆ ತರ್ತೀವಿ. ಅಪ್ಪ ಬಿಟ್ಟು ಬಂದದ್ದನ್ನ ನಾವು ತರೋಣ ಅಕ್ಕ. ನಿನ್ನ ಹತ್ರಾನೇ ಇರ್ಲಿ ಎಲ್ಲ" ಎಂದ.

ಅತ್ತೆ ಕೂತಿದ್ದವಳು ಎದ್ದು ನಿಂತಳು. ಬಾಯಲ್ಲಿ ಯಾವ ಕುಹಕವೂ ಬರಲಿಲ್ಲ. ಅವಳ ಜೀವಮಾನದ ಮಾತೊಂದನ್ನು ಯಾರೋ ತಾವಾಗಿ ಬಂದು ನಡೆಸಿಕೊಡುತ್ತೇನೆ ಎಂದಿದ್ದರು, ಅದೂ ಸ್ವಂತ ತಮ್ಮ. ಗೋಚಿಯ ಕೊರಳ ಗಂಟೆ ಬಿಚ್ಚಿ ಮೊಳೆಗೆ ನೇತುಹಾಕಿದಳು. ದೋಣಿಯ ತನಕ ತಾನೇ ಕಿವಿ ಹಿಡಿದು ನಡೆಸಿಕೊಂಡು ಹೋದಳು. ಕರೆಯಲಿಲ್ಲ, ಕಟ್ಟಳೆ ಮುರಿಯಲಿಲ್ಲ.

ಮರುದಿನದಿಂದಲೇ ಕೊಟ್ಟಿಗೆ ದೊಡ್ಡದು ಮಾಡುವ ಕೆಲಸ ಶುರು. ಹಳೆಯ ದೋಣಿಯ ಹಲಗೆ ತರಿಸಿ ಬೇಲಿ ಹಾಕಿದಳು, ಹೊಸ ತೊಟ್ಟಿ ಇಡಿಸಿದಳು. ನಾನು ರಜೆಯ ದಿನ ಹಲಗೆ ಹಿಡಿದು ನಿಂತೆ. "ಅವು ಕಾಡು ಬಿದ್ದು ಹೋಗಿರ್ತವೆ, ಮೊದಮೊದಲು ಹತ್ರ ಸೇರಿಸಲ್ಲ, ಆಮೇಲೆ ಕರೆ ಕಲೀತವೆ" ಎಂದು ಮೊಳೆ ಬಾಯಲ್ಲಿಟ್ಟುಕೊಂಡೇ ಹೇಳುತ್ತಿದ್ದಳು. ಬಂದರಿನಲ್ಲೆಲ್ಲ ಸುದ್ದಿ ಹಬ್ಬಿಸಿದಳು. ಮೇಕೆ ಮೇಡಂ ಮನೆಗೆ ದ್ವೀಪದ ನೆಂಟರು ಬರುತ್ತಾರಂತೆ ಎಂದು ಚಹಾದಂಗಡಿಯವನು ಹಾಲಿಗೆ ಬಂದವರಿಗೆಲ್ಲ ಹೇಳಿದ.

ನೆಂಟರು ಬರಲಿಲ್ಲ. ಕೇಳಿದಾಗಲೆಲ್ಲ ಅಪ್ಪನ ಬಳಿ ಉತ್ತರ ಸಿದ್ಧವಿರುತ್ತಿತ್ತು. ರೋಗ ಇದೆಯೋ ಎಂದು ನೋಡಲು ಬೇರೆ ಬಂದರಿನಲ್ಲಿ ಇಟ್ಟಿದ್ದಾರೆ. ಚುಚ್ಚುಮದ್ದು ಆಗಬೇಕು. ಸಹಿ ಆಗಬೇಕು. ಮೂಗಿಗೆ ತುಪ್ಪ ಸವರುವುದು ಎಂದರೆ ಏನೆಂದು ನಾನು ಕಲಿತದ್ದು ಆ ತಿಂಗಳುಗಳಲ್ಲಿ. ಆದರೆ ಆಗ ಅದು ತುಪ್ಪ ಎಂದು ನನಗೂ ಗೊತ್ತಿರಲಿಲ್ಲ. ಒಂದು ಸಂಜೆ ಅತ್ತೆ ಮೀನು ಬೇಯಿಸಿ ಗೋಡೆಯ ಕಡೆ ತಿರುಗಿ ಕರೆದಳು. ಅಪ್ಪ ಟೋಪಿ ಸಮೇತ ಓಡಿದ, ತಟ್ಟೆ ನೆಕ್ಕುವಂತೆ ಉಂಡು ಬಂದ.

ನಿಜ ಗೊತ್ತಾದದ್ದು ಚಪ್ಪಾಳೆಯ ನಡುವೆ. ಕೆಲಸ ಮುಗಿಯುವ ಹಂತಕ್ಕೆ ಬಂದಿದೆ ಎಂದು ಹಕ್ಕಿ ಡಾಕ್ಟರು ಬಂದರಿನ ಸಭಾಭವನದಲ್ಲಿ ಎಲ್ಲರನ್ನೂ ಸೇರಿಸಿದ್ದರು. ಅತ್ತೆಯನ್ನು ಮುಂದಿನ ಸಾಲಿನಲ್ಲಿ ಕೂರಿಸಿದ್ದರು. ಅಪ್ಪ ಅವಳಿಗೆ ಮೈ ಹುಷಾರಿಲ್ಲ, ಬರುವುದಿಲ್ಲ ಎಂದು ಹೇಳಿದ್ದನಂತೆ. ಡಾಕ್ಟರು ಕಾರು ಕಳಿಸಿ ಕರೆಸಿಕೊಂಡಿದ್ದರು. ಗೋಡೆಗೆ ಬಿದ್ದ ಬೆಳಕಿನಲ್ಲಿ ದ್ವೀಪದ ನಕ್ಷೆ, ಅದರ ಮೇಲೆ ಗೋಚಿ ಹೋದ ದಾರಿ ಕೆಂಪು ಚುಕ್ಕೆಗಳಾಗಿ ಕಾಣುತ್ತಿತ್ತು. ಡಾಕ್ಟರು ಅತ್ತೆಯ ಕಡೆ ಕೈ ತೋರಿಸಿ ಹೇಳಿದರು:

"ಇವರಿಗೆ ಎಷ್ಟು ಥ್ಯಾಂಕ್ಸ್ ಹೇಳಿದ್ರೂ ಸಾಲದು. ಸ್ವಂತ ಮೇಕೆ ಕೊಟ್ರು. ಎಲ್ಲವನ್ನೂ ಗುಂಡು ಹೊಡೆದು ಕೊಲ್ತೀವಿ ಅಂತ ಗೊತ್ತಿದ್ದೂ ಹಕ್ಕಿಗಳಿಗೋಸ್ಕರ ಒಪ್ಪಿದ್ರಂತೆ. ಇಷ್ಟು ದೊಡ್ಡ ಮನಸ್ಸು ಯಾರಿಗಿರುತ್ತೆ?"

ಜನ ಚಪ್ಪಾಳೆ ತಟ್ಟಿದರು. ಅತ್ತೆ ನಿಧಾನವಾಗಿ ಸುತ್ತ ನೋಡಿದಳು, ಬೇರೆ ಯಾರ ಬಗ್ಗೆಯೋ ಹೇಳುತ್ತಿದ್ದಾರೆ ಎನ್ನುವಂತೆ. ಹಿಂದಿನ ಬಾಗಿಲ ಬಳಿ ಅಪ್ಪ ಟೋಪಿಯ ಅಂಚನ್ನು ತಿರುಗಿಸುತ್ತ ನಿಂತಿದ್ದ. ಚಪ್ಪಾಳೆ ನಿಂತ ಮೇಲೆ ಅವಳು ಕೇಳಿದಳು.

"ಎಷ್ಟು ಉಳಿದಿದ್ದಾವೆ, ಡಾಕ್ಟ್ರೇ?"

"ಒಂದೇ. ನಿಮ್ಮ ಗೋಚಿ."

ಮನೆಗೆ ಬಂದು ಹೊಸ ಕೊಟ್ಟಿಗೆಯ ತೊಟ್ಟಿಯ ಅಂಚಿನ ಮೇಲೆ ಕೂತಳು. ಅಪ್ಪ ಬಂದ. ಒಳಗೆ ಹೋಗು ಎಂದು ಅವನು ಹೇಳಿದರೂ ನಾನು ಹೋಗಲಿಲ್ಲ, ಅಲ್ಲೇ ನಿಂತೆ. ನಂಬಿಸಿ ಕತ್ತು ಕುಯ್ದವನನ್ನು ಅತ್ತೆ ಹೇಗೆ ಬೈಯುತ್ತಾಳೆ ಎಂದು ಕೇಳುವ ಆಸೆ ನನಗಿತ್ತು. ಅವಳು ಬೈಯಲೇ ಇಲ್ಲ.

"ಗುಂಡು ಹೊಡೆದೋನು ನಾನಲ್ಲ ಅಕ್ಕ. ಅದಕ್ಕೆ ಬೇರೆ ಜನ ಬಂದಿದ್ರು. ನಾನು ದೋಣಿ ನಡೆಸ್ದೆ, ಅಷ್ಟೆ. ಆ ಬಂಡೆ ಮೇಲಿಂದ ಜೀವಂತ ಹಿಡಿಯೋಕೆ ಹೋದ್ರೆ ಮನುಷ್ಯರೇ ಬೀಳ್ತಾರೆ. ನಿಜ ಹೇಳಿದ್ರೆ ನೀನು ಗೋಚೀನ ಕೊಡ್ತಿರ್ಲಿಲ್ಲ."

"ಕೊಡ್ತಿರ್ಲಿಲ್ಲ. ಅದಕ್ಕೇ ನೀನು ಹೇಳ್ಬೇಕಾಗಿತ್ತು."

ಆಮೇಲೆ ಅವಳೇ, "ದೋಣಿ ಮಾತ್ರ ತಾನೇ ನೀನು ನಡೆಸಿದ್ದು?" ಎಂದು ಕೇಳಿದಳು. ಅಪ್ಪ ಹೂಂ ಎಂದ. ಅವಳು ಆ ಹೂಂ ಅನ್ನು ಹಿಡಿದುಕೊಂಡಳು. ಒಡಹುಟ್ಟಿದವನನ್ನು ಪೂರ್ತಿ ಕಳೆದುಕೊಳ್ಳಲು ಯಾರಿಗೆ ಮನಸ್ಸಾಗುತ್ತದೆ? ಎಲ್ಲಾದರೂ ಒಂದು ಗೆರೆ ಬೇಕಿತ್ತು ಅವಳಿಗೆ, ತಮ್ಮ ಅದನ್ನು ದಾಟಿಲ್ಲ ಎಂದುಕೊಳ್ಳಲು.

ಮರುದಿನ ಡಾಕ್ಟರು ತಾವೇ ಬಂದರು. ಅತ್ತೆಗೆ ಏನೂ ಗೊತ್ತಿರಲಿಲ್ಲ ಎನ್ನುವುದು ಅಷ್ಟರಲ್ಲಿ ಅವರಿಗೂ ತಿಳಿದಿತ್ತು. ಹಲಗೆಯ ಬೇಲಿ, ಖಾಲಿ ತೊಟ್ಟಿ ನೋಡಿ ಅವರ ಮುಖ ಸಣ್ಣದಾಯಿತು. ಕ್ಷಮೆ ಕೇಳಿ ಆಮೇಲೆ ವಿಷಯಕ್ಕೆ ಬಂದರು. ಗೋಚಿ ಈಗ ಮನುಷ್ಯರನ್ನು ಕಂಡರೆ ಓಡುತ್ತಾಳೆ. ಹಕ್ಕಿಗಳು ಮೊಟ್ಟೆ ಇಡಲು ಶುರು ಮಾಡಿವೆ, ಅವಳನ್ನು ಅಲ್ಲಿ ಬಿಡುವಂತಿಲ್ಲ. ಮೇಲಿನವರು ಅವಳನ್ನೂ ಮುಗಿಸಿ ಎನ್ನುತ್ತಿದ್ದಾರೆ.

"ನೀವು ಕರೆದ್ರೆ ಬರ್ತಾಳೆ ಅಲ್ವಾ?"

"ಕರೆದ್ರೆ ಬರದೆ ಏನು" ಎಂದಳು ಅತ್ತೆ. ಮೊಳೆಯಲ್ಲಿದ್ದ ಗಂಟೆಯನ್ನೂ ಒಂದು ಚೀಲ ಕಾಳನ್ನೂ ತೆಗೆದುಕೊಂಡಳು. ಕರೆದರೆ ತಿನ್ನಲು ಕೊಡಬೇಕಲ್ಲ.

ದೋಣಿ ನಡೆಸಿದವನು ಅಪ್ಪ. ಡಾಕ್ಟರು, ಅತ್ತೆ, ನಾನು. ದಾರಿಯುದ್ದಕ್ಕೂ ಅತ್ತೆ ಎದುರಿಗೆ ನೋಡುತ್ತ ಕೂತಿದ್ದಳು. ಅವಳು ಆ ದ್ವೀಪಕ್ಕೆ ಹಿಂತಿರುಗುತ್ತಿದ್ದುದು ಬಿಟ್ಟು ಬಂದ ಮೇಲೆ ಅದೇ ಮೊದಲು. ಹತ್ತಿರವಾದಂತೆ ಗದ್ದಲ ಕೇಳಿಸಿತು, ಆಮೇಲೆ ಹಕ್ಕಿಗಳು ಎದ್ದವು. ನಾನು ಅಷ್ಟು ಬಿಳುಪನ್ನು ಒಟ್ಟಿಗೆ ನೋಡಿರಲಿಲ್ಲ. ಇಳಿದರೆ ಮೊಣಕಾಲೆತ್ತರದ ಎಳೆಯ ಪೊದೆಗಳು, ಅವುಗಳ ಬುಡದಲ್ಲಿ ಚುಕ್ಕೆಚುಕ್ಕೆಯ ಮೊಟ್ಟೆಗಳು. ಡಾಕ್ಟರು ಕಲ್ಲಿಟ್ಟು ಗುರುತು ಮಾಡಿದ ಕಾಲುದಾರಿಯಲ್ಲೇ ನಡೆಯಬೇಕು, ಪಕ್ಕಕ್ಕೆ ಒಂದು ಹೆಜ್ಜೆ ಇಡುವಂತಿಲ್ಲ. ನಡುವೆ ಬಣ್ಣದ ಮರದ ಹಕ್ಕಿಗಳು ಇನ್ನೂ ನಿಂತಿದ್ದವು. ಒಂದು ನಿಜವಾದ ಹಕ್ಕಿ ಮರದ ಹಕ್ಕಿಗೆ ಮೀನು ತಂದುಕೊಟ್ಟು, ಅದು ತೆಗೆದುಕೊಳ್ಳಲೆಂದು ಕಾಯುತ್ತಿತ್ತು.

ಅತ್ತೆ ತಾನು ಹುಟ್ಟಿದ ಮನೆಯ ಮುಂದೆ ನಿಂತಳು. ಚಾವಣಿ ಇರಲಿಲ್ಲ, ಒಲೆಯ ಕಲ್ಲುಗಳ ಸಂದಿಯಲ್ಲೂ ಒಂದು ಹಕ್ಕಿ ಕಾವಿಗೆ ಕೂತಿತ್ತು.

"ಅಮ್ಮ ಹೇಳ್ತಿದ್ಲಲ್ಲ ತಮ್ಮ, ಆಕಾಶ ಬೆಳ್ಳಗಾಗುತ್ತೆ ಅಂತ. ಚಿಕ್ಕೋಳಿದ್ದಾಗ ನಾನೂ ನೋಡಿದ್ದೆ, ಆಮೇಲೆ ಅದು ಕನಸು ಅಂದ್ಕೊಂಡಿದ್ದೆ" ಎಂದಳು. ಸಭೆಯಾದ ಮೇಲೆ ಅವಳು ಅಪ್ಪನನ್ನು ತಮ್ಮ ಎಂದದ್ದು ಅದೇ ಮೊದಲು. ಅಪ್ಪನ ಕಣ್ಣು ತುಂಬಿತು. ನೀರಿನ ಬಾಟಲಿ ಚಾಚಿದ, ಅವಳು ತೆಗೆದುಕೊಂಡು ಕುಡಿದಳು. ಎಲ್ಲ ಸರಿಹೋಗುತ್ತದೆ ಎಂದು ನನಗೆ ಆಗ ನಿಜಕ್ಕೂ ಅನ್ನಿಸಿತು.

ಗೋಚಿ ದಿಬ್ಬದ ಮೇಲೆ ಮೇಯುತ್ತಿದ್ದಳು. ಬಡಕಲಾಗಿದ್ದಳು, ಕೊರಳಲ್ಲಿ ಆ ದಪ್ಪ ಪಟ್ಟಿ. ನಮ್ಮನ್ನು ನೋಡಿದಳು, ಆದರೆ ಓಡಲಿಲ್ಲ. ಅಷ್ಟು ದೂರ ಸಾಕು ಎನ್ನಿಸಿರಬೇಕು. ಅತ್ತೆ ಕಾಳಿನ ಚೀಲದ ಬಾಯಿ ಬಿಚ್ಚಿದಳು, ಗಂಟಲು ಸರಿ ಮಾಡಿಕೊಂಡಳು, ಕರೆದಳು.

ಊಊ... ಬಾಬಾಬಾ.

ಗೋಚಿಯ ತಲೆ ಮೇಲೆದ್ದಿತು. ಮರುಕ್ಷಣವೇ ಅವಳು ಹಿಂದೆ ತಿರುಗಿ ಓಡಿದಳು. ಮನುಷ್ಯರನ್ನು ಕಂಡು ಓಡದಿದ್ದವಳು ಆ ದನಿಗೆ ಓಡಿದಳು, ಹೊಟ್ಟೆ ನೆಲಕ್ಕೆ ತಾಗುವಂತೆ, ಕಲ್ಲು ಉರುಳಿಸುತ್ತ, ಪಡುವಣ ಬಂಡೆಯ ಕಡೆಗೆ. ಅತ್ತೆ ಇನ್ನೊಮ್ಮೆ ಕರೆದಳು. ಕಲ್ಲುರುಳುವ ಸದ್ದು ಇನ್ನೂ ಜೋರಾಯಿತು.

ಅತ್ತೆ ಚೀಲದ ಬಾಯಿ ಮತ್ತೆ ಕಟ್ಟಿದಳು. ಗಂಟು ಹಾಕಿ ಮುಗಿಸಿ, ಅಪ್ಪನ ಕಡೆ ತಿರುಗಿದಳು.

"ಕರ್ದಿದ್ದೀಯಾ?"

ಅಪ್ಪ ಟೋಪಿ ತೆಗೆದ. ಡಾಕ್ಟರು ಒಮ್ಮೆ ಅವನನ್ನೂ ಒಮ್ಮೆ ಅವಳನ್ನೂ ನೋಡಿದರು. "ಅದು... ಅವರು ಕರೆದಾಗ ಗೋಚಿ ಸಂದಿಯಿಂದ ಹೊರಗೆ ಬರ್ತಿದ್ಲು. ಉಳಿದವು ಅವಳ ಹಿಂದೆ ಬರ್ತಿದ್ವು. ಬಂದೂಕಿನವರು ಇಲ್ಲೇ, ಈ ಹಳೇ ಮನೆ ಗೋಡೆ ಹಿಂದೆ..." ಎನ್ನುತ್ತ ನಿಂತುಬಿಟ್ಟರು. ಅದು ಬರೀ ಒಂದು ಉಪಾಯ ಎಂದು ಅವರು ತಿಳಿದಿದ್ದರು, ಪಾಪ. ಅದರ ಹಿಂದೆ ಇರುವುದನ್ನು ಅವರಿಗೆ ಯಾರು ಹೇಳಬೇಕಿತ್ತು?

"ಎಷ್ಟು ಸಲ?" ಅತ್ತೆ ಅಪ್ಪನನ್ನೇ ಕೇಳಿದಳು.

"ಒಂದೇ ಸಲ ಅಂದ್ಕೊಂಡೆ ಅಕ್ಕ. ಸುಲಭವಾಗಿ ಬಂದ್ವು. ಆಮೇಲೆ... ಪ್ರತಿ ಸಲ."

"ತಿನ್ನೋಕೇನಾದ್ರೂ ಹಾಕಿದ್ಯಾ?"

ಅಪ್ಪ ಅಳಲು ಶುರು ಮಾಡಿದ. ನನಗೆ ಅವನ ಮೇಲೆ ಕರುಣೆ ಬರಲಿಲ್ಲ. ಅಪ್ಪನ ಬಗ್ಗೆ ಮಗಳು ಹೀಗೆ ಬರೆಯಬಾರದು ಎನ್ನುವವರು ನನ್ನ ಅತ್ತೆ ಆ ಪ್ರಶ್ನೆ ಕೇಳಿದಾಗಿನ ಮುಖವನ್ನು ನೋಡಿದವರಲ್ಲ. ಮೇಕೆಗಳು ಸತ್ತದ್ದನ್ನು ಅವಳು ತಡೆದುಕೊಂಡಿದ್ದಳು, ಸುಳ್ಳನ್ನೂ ತಡೆದುಕೊಂಡಿದ್ದಳು. ಇದು ತನ್ನ ತಾಯಿಯ ದನಿ. ಅದನ್ನು ಕೇಳಿ ಓಡಿಬಂದವರು ಊಟದ ಬದಲು ಗುಂ‍ಡು ತಿಂದಿದ್ದರು.

ಅವಳು ಕಾಲುದಾರಿ ಹಿಡಿದು ದಿಬ್ಬ ಹತ್ತತೊಡಗಿದಳು. ಮೊಣಕಾಲು ನೋವಿನ ಹೆಂಗಸು, ಮೂರು ಹೆಜ್ಜೆಗೊಮ್ಮೆ ನಿಲ್ಲುತ್ತಿದ್ದಳು. ಅಪ್ಪ ಹೋಗಿ ಕೈ ಕೊಟ್ಟ. ಅವಳು ಆ ಕೈಯನ್ನು ತಳ್ಳಲೂ ಇಲ್ಲ, ಹಿಡಿಯಲೂ ಇಲ್ಲ. ಪಕ್ಕದ ಬಂಡೆ ಹಿಡಿದು ಮೇಲೆ ಹೋದಳು. ಪಡುವಣ ಬಂಡೆಯ ತಲೆಯ ಮೇಲೆ ಕೂತಳು, ಕರೆಯಲಿಲ್ಲ, ಗಂಟೆ ಆಡಿಸಲಿಲ್ಲ. ನಾವು ಕೆಳಗೆ ಕಾದೆವು. ಗೋಚಿ ಒಂಟಿಯಾಗಿರಲಾರದ ಮೇಕೆ ಎನ್ನುವುದರ ಮೇಲೇ ಅಲ್ಲವೇ ಎಲ್ಲರೂ ಆಟ ಕಟ್ಟಿದ್ದು? ಬಿಸಿಲು ಇಳಿಯುವ ಹೊತ್ತಿಗೆ ಅವಳ ತಲೆ ಸಂದಿಯಿಂದ ಹೊರಗೆ ಬಂತು. ಬಂದು, ನಿಂತು, ಹಿಂದೆ ಸರಿದು, ಮತ್ತೆ ಬಂದು, ಕೊನೆಗೆ ಅತ್ತೆಯ ಬೆನ್ನಿನ ಕಡೆಯಿಂದ ಬಂದು ಅವಳ ಹೆಗಲು ಮೂಸಿದಳು. ಅತ್ತೆ ಎದ್ದು, ಎದುರು ನಿಂತು, ಕಿವಿ ಹಿಡಿದಳು. ದಾರಿಯುದ್ದಕ್ಕೂ ದೋಣಿಯಲ್ಲಿ ಗೋಚಿಯ ಮುಖವನ್ನು ತನ್ನ ಮಡಿಲಲ್ಲಿಟ್ಟುಕೊಂಡು, ಎರಡೂ ಕಿವಿ ಮುಚ್ಚಿ ಹಿಡಿದಿದ್ದಳು.

ಮರುದಿನ ಸಂಜೆ ಅಭ್ಯಾಸದಂತೆ ಹಿತ್ತಲಿಗೆ ಬಂದು ಕರೆದಳು. ಪೊದೆಗಳಿಂದ ಮೇಕೆಗಳು ಓಡಿಬಂದವು. ಕೊಟ್ಟಿಗೆಯಲ್ಲಿದ್ದ ಗೋಚಿ ಮೂಲೆಯ ಗೋಡೆಗೆ ಮೈ ಒತ್ತಿಕೊಂಡು, ನಿಂತಲ್ಲೇ ಉಚ್ಚೆ ಹೊಯ್ದುಕೊಂಡು ನಡುಗುತ್ತಿದ್ದಳು. ಓಡಿಬಂದ ಮೇಕೆಗಳನ್ನು ಕಣ್ಣು ಅಗಲಿಸಿ ನೋಡುತ್ತಿದ್ದಳು, ಈಗ ಬೀಳುತ್ತವೆ, ಈಗ ಬೀಳುತ್ತವೆ ಎನ್ನುವಂತೆ. ಅತ್ತೆಯ ದನಿ ಅರ್ಧಕ್ಕೆ ನಿಂತಿತು.

ಆಮೇಲೆ ಅವಳು ಕರೆದಿಲ್ಲ. ಈಗ ಪ್ರತಿ ಸಂಜೆ ತಾನೇ ಪೊದೆಗಳ ತನಕ ನಡೆದು ಹೋಗಿ, ಒಂದೊಂದನ್ನೇ ಕಿವಿ ಹಿಡಿದು ತರುತ್ತಾಳೆ. ಕತ್ತಲಾಗುತ್ತದೆ, ಮೊಣಕಾಲು ಊದಿಕೊಳ್ಳುತ್ತದೆ. ನಾನು ಕೆಲಸ ಮುಗಿಸಿ ಬಂದು ಜೊತೆಗೆ ಹೋಗುತ್ತೇನೆ. ದ್ವೀಪ ಚೆನ್ನಾಗಿದೆ. ಅಪ್ಪ ಮುಖ್ಯ ಕಾವಲುಗಾರನಾದ, ಹೊಸ ಟೋಪಿ ಬಂದಿದೆ. ಅದು ಮೊಳೆಯಲ್ಲೇ ಇರುತ್ತದೆ.

ಅತ್ತೆ ಅವನೊಂದಿಗೆ ಮಾತು ಬಿಟ್ಟಿಲ್ಲ. ಎದುರು ಸಿಕ್ಕರೆ ಊಟ ಆಯಿತೇ ಎಂದು ಕೇಳುತ್ತಾಳೆ. ವಿಶೇಷ ಅಡುಗೆ ಮಾಡಿದರೆ ಮೊದಲಿನಂತೆಯೇ ಅವನ ಪಾಲು ತೆಗೆದಿಡುತ್ತಾಳೆ, ನನ್ನ ಕೈಯಲ್ಲಿ ಕಳಿಸುತ್ತಾಳೆ. ಅಪ್ಪ ಆ ಹೊತ್ತಿಗೆ ಗೋಡೆಯ ಮೇಲೆ ಕೈ ಇಟ್ಟುಕೊಂಡು ನಿಂತಿರುತ್ತಾನೆ. ಮೊನ್ನೆ ಪಾತ್ರೆ ಕೊಡಲು ಹೋದಾಗ ಅದನ್ನು ತೆಗೆದುಕೊಳ್ಳಲಿಲ್ಲ.

"ಒಂದ್ಸಲ ಕರೀಲಿ ಸಾಕು, ನಾನೇ ಬರ್ತೀನಿ ಅಂತ ಹೇಳು ಅಕ್ಕಂಗೆ" ಎಂದ.

ಹೋಗಿ ಹೇಳಿದೆ. ಅತ್ತೆ ಗೋಚಿಯ ಗೊರಸು ಕತ್ತರಿಸುತ್ತಿದ್ದಳು. ತಲೆ ಎತ್ತಲಿಲ್ಲ.

"ಏನಂತ ಕರೀಲಿ? ನಮ್ಮನೇಲಿ ಇದ್ದದ್ದು ಒಂದೇ ಕರೆ. ಅದನ್ನ ಅವನು ಅಲ್ಲೇ ಮುಗಿಸಿ ಬಂದಿದ್ದಾನೆ."

ಗೋಡೆ ಎದೆಮಟ್ಟದ್ದು ಎಂದೆನಲ್ಲ, ನಾನು ಮತ್ತೆ ಹೋಗಿ ಹೇಳುವ ಅಗತ್ಯ ಇರಲಿಲ್ಲ. ಅಪ್ಪ ಗೋಡೆಯ ಮೇಲಿಂದ ಕೈ ತೆಗೆದು ಒಳಗೆ ಹೋದ.